ಹೈಕೋರ್ಟಿನಲ್ಲಿ ನಿಂತ ಕೇಸು: ಭಾರತದ ಮುಖ್ಯ ನ್ಯಾಯಮೂರ್ತಿಗಳಿಗೆ ಪತ್ರ ಬರೆದರೆ ಫಲವುಂಟೇ?

ಪ್ರಶ್ನೆ: ನಾನು ಅರಸೀಕೆರೆ ತಾಲ್ಲೂಕಿನ ನಿವೃತ್ತ ಪ್ರೌಢಶಾಲಾ ಶಿಕ್ಷಕ, ವಯಸ್ಸು 71. ಪಿತ್ರಾರ್ಜಿತ ಜಮೀನಿನಲ್ಲಿ ಪಾಲು ಕೇಳಿ ನಾನು ಹೂಡಿದ ದಾವೆ ಕೆಳಗಿನ ಎರಡೂ ನ್ಯಾಯಾಲಯಗಳಲ್ಲಿ ನನ್ನ ಪರವಾಗಿ ತೀರ್ಮಾನವಾಗಿ, ಮೂರನೇ ಒಂದು ಭಾಗ ನನ್ನದೆಂದು ಡಿಕ್ರಿಯಾಗಿದೆ. ಅಣ್ಣನ ಮಕ್ಕಳು ಹೈಕೋರ್ಟಿನಲ್ಲಿ ಎರಡನೇ ಮೇಲ್ಮನವಿ ಹಾಕಿ ಒಂಬತ್ತು ವರ್ಷವಾಯಿತು. ಹಾಕಿದವರಲ್ಲಿ ಒಬ್ಬ ಎರಡು ವರ್ಷದ ಹಿಂದೆ ತೀರಿಕೊಂಡ. ಕೇಸು ಮಾತ್ರ ಅಲುಗಿಲ್ಲ. ‘ದೊಡ್ಡಪ್ಪ, ನೇರವಾಗಿ ಭಾರತದ ಮುಖ್ಯ ನ್ಯಾಯಮೂರ್ತಿಗಳಿಗೇ ಬರೆಯಿರಿ, ಅವರು ಒಂದು ಮಾತು ಹೇಳಿದರೆ ಹೈಕೋರ್ಟು ವಾರದೊಳಗೆ ಕೇಸು ತೆಗೆದುಕೊಳ್ಳುತ್ತದೆ’ ಎಂದು ತಮ್ಮನ ಮಗ ಹೇಳುತ್ತಾನೆ. ಪರಿಚಯದ ಇನ್ನೊಬ್ಬರು ದೆಹಲಿಯಲ್ಲಿ ಆ ಕಚೇರಿಯವರು ಗೊತ್ತು, ಸ್ವಲ್ಪ ಖರ್ಚಾಗುತ್ತದೆ ಎನ್ನುತ್ತಾರೆ. ಪತ್ರಿಕೆಗಳಲ್ಲಿ ನೋಡಿದರೆ ಆ ಸ್ಥಾನದಲ್ಲಿ ಒಬ್ಬರು ಆರು ತಿಂಗಳು, ಇನ್ನೊಬ್ಬರು ಒಂದು ವರ್ಷ. ನಮ್ಮ ಕರ್ನಾಟಕದ ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರು ಬಂದರೂ 36 ದಿನವಷ್ಟೇ ಇರುತ್ತಾರಂತೆ. ಇದು ಬೇಕೆಂದೇ ಮಾಡಿದ್ದೇ? ಸರ್ಕಾರ ತನಗೆ ಬೇಕಾದವರನ್ನು ಕೂರಿಸುತ್ತದೆಯೇ? ಅವರು ಬರುವವರೆಗೆ ಕಾದು ಬರೆದರೆ ಒಳ್ಳೆಯದೇ? ಆ ಸ್ಥಾನಕ್ಕೆ ನಿಜವಾಗಿ ಎಷ್ಟು ಅಧಿಕಾರವಿದೆ?

ಉತ್ತರ: ಭಾರತದ ಮುಖ್ಯ ನ್ಯಾಯಮೂರ್ತಿಗಳಿಗೆ ಯಾವ ನಾಗರಿಕನೂ ಪತ್ರ ಬರೆಯಬಹುದು, ಅದರಲ್ಲಿ ತಪ್ಪಿಲ್ಲ. ಆದರೆ ಆ ಪತ್ರದಿಂದ ನಿಮ್ಮ ಎರಡನೇ ಮೇಲ್ಮನವಿ ಒಂದು ದಿನವೂ ಮುಂಚಿತವಾಗಿ ವಿಚಾರಣೆಗೆ ಬರುವುದಿಲ್ಲ. ದೆಹಲಿಯ ಕಚೇರಿ ಗೊತ್ತೆನ್ನುವ ವ್ಯಕ್ತಿಗೆ ಒಂದು ರೂಪಾಯಿಯನ್ನೂ ಕೊಡಬೇಡಿ. ಮುಖ್ಯ ನ್ಯಾಯಮೂರ್ತಿಗಳ ಹೆಸರು ಹೇಳಿ ಹಣ ಕೀಳುವುದು ಈಗ ದೊಡ್ಡ ದಂಧೆಯಾಗಿದೆ. 2024ರಲ್ಲಿ ಪಂಜಾಬಿನ ಹಿರಿಯ ಉದ್ಯಮಿಯೊಬ್ಬರಿಗೆ ವಿಡಿಯೊದಲ್ಲಿ ಸುಪ್ರೀಂ ಕೋರ್ಟಿನ ನಕಲಿ ವಿಚಾರಣೆಯನ್ನೇ ತೋರಿಸಿ, ಅಂದಿನ ಮುಖ್ಯ ನ್ಯಾಯಮೂರ್ತಿಗಳ ಹೆಸರಿನಲ್ಲಿ ಆದೇಶ ಹೊರಡಿಸಿದಂತೆ ನಟಿಸಿ, 7 ಕೋಟಿ ರೂಪಾಯಿ ಲಪಟಾಯಿಸಿದ್ದರು.

ನಿಮ್ಮ ಪತ್ರದಲ್ಲಿ ಎರಡು ಆತಂಕಗಳು ಹೆಣೆದುಕೊಂಡಿವೆ. ಬದುಕಿರುವಾಗಲೇ ಪಾಲು ಕೈಗೆ ಬರುತ್ತದೆಯೋ ಇಲ್ಲವೋ ಎನ್ನುವುದು ಒಂದು. ದೇಶದ ಅತ್ಯುನ್ನತ ನ್ಯಾಯಪೀಠವೇ ಹೀಗೆ ತಿಂಗಳುಗಳ ಲೆಕ್ಕದಲ್ಲಿ ಕೈ ಬದಲಾಗುತ್ತಿದ್ದರೆ ಕೆಳಗಿನ ವ್ಯವಸ್ಥೆಯನ್ನು ಕೇಳುವವರು ಯಾರು ಎನ್ನುವುದು ಇನ್ನೊಂದು. ನನ್ನ ಕಚೇರಿಗೆ ಬರುವ ಕಕ್ಷಿದಾರರಲ್ಲೂ ಇವೆರಡು ಸದಾ ಜೊತೆಯಾಗಿಯೇ ಇರುತ್ತವೆ, ಮತ್ತು ಎರಡಕ್ಕೂ ಬೇರು ಒಂದೇ. ತಹಶೀಲ್ದಾರರ ಮೇಲೆ ಉಪವಿಭಾಗಾಧಿಕಾರಿ, ಅವರ ಮೇಲೆ ಜಿಲ್ಲಾಧಿಕಾರಿ ಇರುವಂತೆ, ದೇಶದ ಎಲ್ಲ ನ್ಯಾಯಾಧೀಶರ ಮೇಲಧಿಕಾರಿಯಾಗಿ ಭಾರತದ ಮುಖ್ಯ ನ್ಯಾಯಮೂರ್ತಿ ಇದ್ದಾರೆಂಬ ಭಾವನೆ ಅದು. ಸಂವಿಧಾನ ಅಂಥ ಏಣಿಯನ್ನು ನಿರ್ಮಿಸಿಲ್ಲ.

ಹೈಕೋರ್ಟು ತನ್ನ ವ್ಯಾಪ್ತಿಯ ಎಲ್ಲ ಕೆಳ ನ್ಯಾಯಾಲಯಗಳ ಮೇಲ್ವಿಚಾರಣೆ ನಡೆಸಬೇಕೆಂದು ಸಂವಿಧಾನದ 227ನೇ ವಿಧಿ ಹೇಳುತ್ತದೆ. ಹೈಕೋರ್ಟುಗಳ ಮೇಲ್ವಿಚಾರಣೆಯನ್ನು ಸುಪ್ರೀಂ ಕೋರ್ಟಿಗೆ ಒಪ್ಪಿಸುವ ವಿಧಿ ಮಾತ್ರ ಎಲ್ಲಿಯೂ ಇಲ್ಲ. ಹೈಕೋರ್ಟಿನ ತೀರ್ಪು ತಪ್ಪೆನಿಸಿದರೆ ಮೇಲ್ಮನವಿಯಲ್ಲಿ ಅದನ್ನು ತಿದ್ದುವ ಅಧಿಕಾರ ಸುಪ್ರೀಂ ಕೋರ್ಟಿಗಿದೆ, ಆದರೆ ಹೈಕೋರ್ಟಿನ ದಿನನಿತ್ಯದ ಆಡಳಿತ ಹೈಕೋರ್ಟಿನ ಕೈಯಲ್ಲಿಯೇ ಇದೆ. ಸುಪ್ರೀಂ ಕೋರ್ಟು 2004ರ ಒಂದು ತೀರ್ಪಿನಲ್ಲಿ ತಾನೇ ಇದನ್ನು ಸ್ಪಷ್ಟಪಡಿಸಿದೆ. ಆದ್ದರಿಂದ ದೆಹಲಿಯಿಂದ ಬೆಂಗಳೂರಿಗೆ ‘ಈ ಕೇಸನ್ನು ಮುಂದಿನ ವಾರ ಹಾಕಿಕೊಳ್ಳಿ’ ಎಂದು ಮುಖ್ಯ ನ್ಯಾಯಮೂರ್ತಿಗಳು ಹೇಳಿ ಕಳುಹಿಸುವ ಪದ್ಧತಿಯೇ ಇಲ್ಲ.

ಹಾಗಾದರೆ ಒಂದು ಅಂಚೆ ಕಾರ್ಡು ಬರೆದರೂ ಸುಪ್ರೀಂ ಕೋರ್ಟು ವಿಚಾರಣೆಗೆ ತೆಗೆದುಕೊಳ್ಳುತ್ತದೆ ಎಂಬ ಮಾತು ಎಲ್ಲಿಂದ ಬಂತು? ಅದು ಪೂರ್ತಿ ಕಟ್ಟುಕಥೆಯಲ್ಲ. ತಿಹಾರ್ ಜೈಲಿನಲ್ಲಿದ್ದ ಸುನಿಲ್ ಬಾತ್ರಾ ಎಂಬ ಕೈದಿ ಮತ್ತೊಬ್ಬ ಕೈದಿಯ ಮೇಲಾದ ಹಿಂಸೆಯ ಬಗ್ಗೆ ನ್ಯಾಯಮೂರ್ತಿಯೊಬ್ಬರಿಗೆ ಬರೆದ ಪತ್ರವನ್ನೇ ಅರ್ಜಿಯೆಂದು ಭಾವಿಸಿ ನ್ಯಾಯಾಲಯ 1979ರ ಡಿಸೆಂಬರಿನಲ್ಲಿ ಮಹತ್ವದ ತೀರ್ಪು ಕೊಟ್ಟಿತು. ಫರೀದಾಬಾದಿನ ಕಲ್ಲು ಕ್ವಾರಿಗಳ ಜೀತ ಕಾರ್ಮಿಕರ ವಿಷಯದ 1983ರ ಡಿಸೆಂಬರಿನ ತೀರ್ಪಿನ ಮೂಲವೂ ಒಂದು ಪತ್ರವೇ. ಈ ದಾರಿಯನ್ನು ಅಗಲಗೊಳಿಸಿದವರಲ್ಲಿ ಮುಖ್ಯರಾದ ಪಿ.ಎನ್. ಭಗವತಿ ಅವರು 1985ರಿಂದ 1986ರವರೆಗೆ ಭಾರತದ ಮುಖ್ಯ ನ್ಯಾಯಮೂರ್ತಿಯೂ ಆಗಿದ್ದರು. ಆದರೆ ಪತ್ರಗಳು ರಾಶಿ ರಾಶಿಯಾಗಿ ಬರತೊಡಗಿದ ಮೇಲೆ, ಯಾವ ಬಗೆಯ ಪತ್ರವನ್ನು ಸಾರ್ವಜನಿಕ ಹಿತಾಸಕ್ತಿ ಅರ್ಜಿಯೆಂದು ಪರಿಗಣಿಸಬೇಕೆಂಬ ಮಾರ್ಗಸೂಚಿಯನ್ನು ಸುಪ್ರೀಂ ಕೋರ್ಟು 1988ರ ಡಿಸೆಂಬರ್ 1ರಂದು ರೂಪಿಸಿತು. ಜೀತ, ನಿರ್ಲಕ್ಷಿತ ಮಕ್ಕಳು, ಕನಿಷ್ಠ ವೇತನ ಕೊಡದಿರುವುದು, ಜೈಲಿನೊಳಗಿನ ದೂರು, ಪೊಲೀಸರು ದೂರು ದಾಖಲಿಸದಿರುವುದು, ಮಹಿಳೆಯರ ಹಾಗೂ ಪರಿಶಿಷ್ಟರ ಮೇಲಿನ ದೌರ್ಜನ್ಯ, ಪರಿಸರ ಮಾಲಿನ್ಯ ಮೊದಲಾದವು ಆ ಪಟ್ಟಿಯಲ್ಲಿವೆ. ಪರಿಗಣಿಸಬಾರದವುಗಳ ಪಟ್ಟಿಯೂ ಅದರಲ್ಲಿಯೇ ಇದೆ. ಮನೆ ಮಾಲೀಕ ಮತ್ತು ಬಾಡಿಗೆದಾರರ ಜಗಳ, ನೌಕರಿಯ ವಿಷಯ, ಇವುಗಳ ಜೊತೆಗೆ ಹೈಕೋರ್ಟು ಮತ್ತು ಕೆಳ ನ್ಯಾಯಾಲಯಗಳಲ್ಲಿರುವ ಕೇಸನ್ನು ಬೇಗ ವಿಚಾರಿಸಿ ಎಂಬ ಮನವಿಯನ್ನೂ ಅಲ್ಲಿ ಹೆಸರಿಸಿಯೇ ಹೊರಗಿಟ್ಟಿದ್ದಾರೆ. ನಿಮ್ಮ ತಮ್ಮನ ಮಗ ಬರೆಯಿಸಬೇಕೆಂದಿರುವುದು ಇದೇ ಬಗೆಯ ಪತ್ರ.

ಇನ್ನು ಆ ಸ್ಥಾನದ ನಿಜವಾದ ಅಧಿಕಾರ. ತೀರ್ಪಿನ ವಿಷಯಕ್ಕೆ ಬಂದರೆ ಪೀಠದಲ್ಲಿ ಮುಖ್ಯ ನ್ಯಾಯಮೂರ್ತಿಗಳದ್ದೂ ಒಂದೇ ಮತ. 2017ರ ಆಗಸ್ಟ್ 22ರ ತ್ರಿವಳಿ ತಲಾಖ್ ತೀರ್ಪಿನಲ್ಲಿ ಆಗಿನ ಮುಖ್ಯ ನ್ಯಾಯಮೂರ್ತಿ ಜೆ.ಎಸ್. ಖೇಹರ್ ಅವರು, ನಮ್ಮ ದಕ್ಷಿಣ ಕನ್ನಡದ ಎಸ್. ಅಬ್ದುಲ್ ನಜೀರ್ ಅವರೊಂದಿಗೆ, 3–2ರಲ್ಲಿ ಅಲ್ಪಮತಕ್ಕೆ ಇಳಿದರು. ಆರ್ಥಿಕವಾಗಿ ಹಿಂದುಳಿದವರ ಮೀಸಲಾತಿಯ ವಿಷಯದಲ್ಲಿ 2022ರಲ್ಲಿ ಯು.ಯು. ಲಲಿತ್ ಅವರಿಗೂ, ಸಲಿಂಗ ವಿವಾಹದ ವಿಷಯದಲ್ಲಿ 2023ರಲ್ಲಿ ಡಿ.ವೈ. ಚಂದ್ರಚೂಡ್ ಅವರಿಗೂ ಹೀಗೆಯೇ ಆಯಿತು. ಮುಖ್ಯ ನ್ಯಾಯಮೂರ್ತಿಗಳು ಹೇಳಿದ್ದೇ ಕೊನೆಯ ಮಾತು ಎಂದು ನಂಬಿರುವವರು ಈ ಮೂರು ತೀರ್ಪುಗಳ ಮೊದಲ ಪುಟವನ್ನು ನೋಡಿದರೆ ಸಾಕು.

ಅವರ ಬಲವಿರುವುದು ಬೇರೆಡೆ. ಯಾವ ಕೇಸು ಯಾವ ಪೀಠಕ್ಕೆ ಹೋಗಬೇಕು, ಆ ಪೀಠದಲ್ಲಿ ಇಬ್ಬರು ಇರಬೇಕೋ ಐವರೋ ಒಂಬತ್ತು ಮಂದಿಯೋ, ಆ ಐವರು ಯಾರು, ಸಂವಿಧಾನ ಪೀಠ ಯಾವಾಗ ಕೂರಬೇಕು, ಇದನ್ನೆಲ್ಲ ನಿರ್ಧರಿಸುವವರು ಅವರೊಬ್ಬರೇ. ನ್ಯಾಯಾಲಯದ ಭಾಷೆಯಲ್ಲಿ ಇದಕ್ಕೆ ಮಾಸ್ಟರ್ ಆಫ್ ದಿ ರೋಸ್ಟರ್ ಎನ್ನುತ್ತಾರೆ. 1950ರಲ್ಲಿ ಮುಖ್ಯ ನ್ಯಾಯಮೂರ್ತಿ ಸೇರಿ ಎಂಟು ನ್ಯಾಯಮೂರ್ತಿಗಳಿಗಷ್ಟೇ ಅವಕಾಶವಿದ್ದಾಗ ಈ ಅಧಿಕಾರ ಯಾರ ಕಣ್ಣಿಗೂ ಅಷ್ಟಾಗಿ ಬೀಳುತ್ತಿರಲಿಲ್ಲ. ಸಂಖ್ಯೆ ಏರುತ್ತಾ 2019ರಲ್ಲಿ 34 ಆದ ಮೇಲೆ, ಒಂದೇ ಕಟ್ಟಡದಲ್ಲಿ ಹತ್ತಾರು ಪೀಠಗಳು ಏಕಕಾಲಕ್ಕೆ ಕೂರುವಾಗ, ಹಂಚುವ ಕೈಯೇ ದೊಡ್ಡದಾಯಿತು. 2018ರ ಜನವರಿ 12ರಂದು ಚೆಲಮೇಶ್ವರ್, ರಂಜನ್ ಗೊಗೊಯ್, ಮದನ್ ಲೋಕುರ್ ಮತ್ತು ಕುರಿಯನ್ ಜೋಸೆಫ್ ಎಂಬ ನಾಲ್ವರು ಹಿರಿಯ ನ್ಯಾಯಮೂರ್ತಿಗಳು ಪತ್ರಿಕಾಗೋಷ್ಠಿ ಕರೆದದ್ದು ಈ ಹಂಚಿಕೆಯ ವಿಷಯಕ್ಕಾಗಿಯೇ. ಮುಖ್ಯ ನ್ಯಾಯಮೂರ್ತಿ ಸಮಾನರಲ್ಲಿ ಮೊದಲಿಗರೇ ಹೊರತು ಅದಕ್ಕಿಂತ ಹೆಚ್ಚಲ್ಲ, ಕಡಿಮೆಯೂ ಅಲ್ಲ ಎಂಬುದು ಅವರ ವಾದವಾಗಿತ್ತು. ಅದೇ ವರ್ಷದ ಜುಲೈನಲ್ಲಿ ಸುಪ್ರೀಂ ಕೋರ್ಟಿನ ಪೀಠವೊಂದು, ಹಂಚಿಕೆಯ ಅಧಿಕಾರ ಮುಖ್ಯ ನ್ಯಾಯಮೂರ್ತಿಗಳೊಬ್ಬರಿಗೇ ಸೇರಿದ್ದು, ಅದನ್ನು ಕೊಲಿಜಿಯಂ, ಅಂದರೆ ಹಿರಿಯ ನ್ಯಾಯಮೂರ್ತಿಗಳ ಮಂಡಳಿಯ ಜೊತೆ ಹಂಚಿಕೊಳ್ಳಬೇಕಿಲ್ಲ ಎಂದಿತು. ನನ್ನ ಅಭಿಪ್ರಾಯದಲ್ಲಿ ಆ ತೀರ್ಪು ಪ್ರಶ್ನೆಯನ್ನು ಮುಗಿಸಿತೇ ಹೊರತು ಅದಕ್ಕೆ ಉತ್ತರ ಕೊಡಲಿಲ್ಲ.

ಮುಖ್ಯ ನ್ಯಾಯಮೂರ್ತಿ ಬದಲಾದಾಗ ವಕೀಲರಿಗೆ ಮೊದಲು ತಟ್ಟುವುದೂ ಆಡಳಿತದ ಇಂಥ ಬದಲಾವಣೆಗಳೇ. ತುರ್ತು ಕೇಸುಗಳನ್ನು ಬೆಳಿಗ್ಗೆ ಒಂದನೇ ಕೋರ್ಟಿನಲ್ಲಿ ಬಾಯಿಮಾತಿನಲ್ಲಿ ಪ್ರಸ್ತಾಪಿಸಿ ದಿನಾಂಕ ಕೇಳುವುದಕ್ಕೆ ನಾವು ಮೆನ್ಷನಿಂಗ್ ಎನ್ನುತ್ತೇವೆ. 2024ರ ನವೆಂಬರಿನಲ್ಲಿ ಅಧಿಕಾರ ವಹಿಸಿಕೊಂಡ ಸಂಜೀವ್ ಖನ್ನಾ ಅವರು ಇದನ್ನು ನಿಲ್ಲಿಸಿ, ಇ-ಮೇಲ್ ಅಥವಾ ಪತ್ರದಲ್ಲಿ ಕಾರಣ ಬರೆದು ಕೇಳಿ ಎಂದರು. ಅವರ ನಂತರ ಬಂದ ಬಿ.ಆರ್. ಗವಾಯಿ ಅವರ ಕಾಲದಲ್ಲಿ ಬಾಯಿಮಾತಿನ ಪ್ರಸ್ತಾಪ ಮತ್ತೆ ಶುರುವಾಯಿತು. ಕಕ್ಷಿದಾರರಿಗೆ ಇದು ಸಣ್ಣ ವಿಷಯವೆನಿಸಬಹುದು. ನಾಳೆ ಮನೆ ಕೆಡವುತ್ತಾರೆ ಎಂಬ ಸ್ಥಿತಿಯಲ್ಲಿರುವವನಿಗೆ ಇದೇ ಎಲ್ಲ.

ಸರ್ಕಾರ ತನಗೆ ಬೇಕಾದವರನ್ನು ಕೂರಿಸುತ್ತದೆಯೇ ಎಂಬ ನಿಮ್ಮ ಪ್ರಶ್ನೆಗೆ ಉತ್ತರ ಹುಡುಕಲು ಈ ಹುದ್ದೆಯ ಇತಿಹಾಸವನ್ನು ನೋಡಬೇಕು. 1773ರ ರೆಗ್ಯುಲೇಟಿಂಗ್ ಕಾಯ್ದೆಯಡಿ ಕಲ್ಕತ್ತೆಯ ಫೋರ್ಟ್ ವಿಲಿಯಮ್ಮಿನಲ್ಲಿ ಸ್ಥಾಪನೆಯಾದ ನ್ಯಾಯಾಲಯಕ್ಕೂ ಸುಪ್ರೀಂ ಕೋರ್ಟೆಂಬ ಹೆಸರಿತ್ತು, ಇಲೈಜಾ ಇಂಪಿ ಅದರ ಮುಖ್ಯ ನ್ಯಾಯಮೂರ್ತಿಯಾಗಿದ್ದ. ಆದರೆ ಇಂದಿನ ಹುದ್ದೆಯ ನೇರ ಪೂರ್ವಜ ಅದಲ್ಲ, 1937ರ ಅಕ್ಟೋಬರ್ 1ರಂದು ಆರಂಭವಾದ ಫೆಡರಲ್ ಕೋರ್ಟ್. ಮಾರಿಸ್ ಗ್ವಾಯರ್ ಅದರ ಮೊದಲ ಮುಖ್ಯ ನ್ಯಾಯಮೂರ್ತಿ. 1947ರಲ್ಲಿ ಆ ಸ್ಥಾನಕ್ಕೆ ಬಂದ ಹರಿಲಾಲ್ ಕಣಿಯಾ ಅವರೇ 1950ರ ಜನವರಿ 26ರಂದು ಭಾರತದ ಮೊದಲ ಮುಖ್ಯ ನ್ಯಾಯಮೂರ್ತಿಯಾದರು. ಎರಡು ದಿನಗಳ ನಂತರ ಸುಪ್ರೀಂ ಕೋರ್ಟಿನ ಉದ್ಘಾಟನೆ ನಡೆದದ್ದು ಸಂಸತ್ ಭವನದ ಒಂದು ಸಭಾಂಗಣದಲ್ಲಿ. ಈಗಿನ ಕಟ್ಟಡಕ್ಕೆ ಹೋದದ್ದು 1958ರಲ್ಲಿ.

ಮುಖ್ಯ ನ್ಯಾಯಮೂರ್ತಿಯನ್ನು ಹೇಗೆ ಆರಿಸಬೇಕೆಂದು ಸಂವಿಧಾನದ 124ನೇ ವಿಧಿ ವಿವರಿಸುವುದಿಲ್ಲ. ರಾಷ್ಟ್ರಪತಿ ನೇಮಿಸುತ್ತಾರೆ, 65 ವರ್ಷಕ್ಕೆ ನಿವೃತ್ತಿ ಎನ್ನುತ್ತದೆ, ಅಷ್ಟೇ. ಸುಪ್ರೀಂ ಕೋರ್ಟಿನಲ್ಲಿ ಸೇವೆಯಲ್ಲಿ ಎಲ್ಲರಿಗಿಂತ ಹಿರಿಯರಾದವರನ್ನು ನೇಮಿಸುವುದು ರೂಢಿಯಿಂದ ಬಂದದ್ದು. ಈ ರೂಢಿ ಅಷ್ಟು ಒಳ್ಳೆಯದಲ್ಲ, ಬರೀ ಹಿರಿತನ ನೋಡಬಾರದು ಎಂದು 1958ರಷ್ಟು ಹಿಂದೆಯೇ ಕಾನೂನು ಆಯೋಗ ತನ್ನ 14ನೇ ವರದಿಯಲ್ಲಿ ಹೇಳಿತ್ತು. ವಿಪರ್ಯಾಸವೆಂದರೆ ಆ ಸದಾಶಯದ ಮಾತೇ ಮುಂದೆ ಸರ್ಕಾರಕ್ಕೆ ಆಯುಧವಾಯಿತು.

1973ರ ಏಪ್ರಿಲ್ 24ರಂದು ಕೇಶವಾನಂದ ಭಾರತಿ ಪ್ರಕರಣದ ತೀರ್ಪು ಬಂತು. ಕಾಸರಗೋಡು ಬಳಿಯ ಎಡನೀರು ಮಠದ ಸ್ವಾಮೀಜಿಯವರು ಹೂಡಿದ್ದ ಈ ಪ್ರಕರಣದಲ್ಲಿ 13 ನ್ಯಾಯಮೂರ್ತಿಗಳ ಪೀಠ 7–6ರ ಬಹುಮತದಿಂದ, ಸಂವಿಧಾನದ ಮೂಲ ಸ್ವರೂಪವನ್ನು ಸಂಸತ್ತು ತಿದ್ದುಪಡಿಯ ಮೂಲಕವೂ ಹಾಳುಗೆಡವುವಂತಿಲ್ಲ ಎಂದಿತು. ಮರುದಿನ ಮುಖ್ಯ ನ್ಯಾಯಮೂರ್ತಿ ಎಸ್.ಎಂ. ಸಿಕ್ರಿ ನಿವೃತ್ತರಾದರು. ಹಿರಿತನದ ಸಾಲಿನಲ್ಲಿ ಮುಂದಿದ್ದವರು ಜೆ.ಎಂ. ಶೆಲತ್, ಕೆ.ಎಸ್. ಹೆಗ್ಡೆ ಮತ್ತು ಎ.ಎನ್. ಗ್ರೋವರ್. ಮೂವರೂ ಸರ್ಕಾರದ ವಿರುದ್ಧದ ಬಹುಮತದಲ್ಲಿದ್ದವರು. ಇಂದಿರಾ ಗಾಂಧಿಯವರ ಸರ್ಕಾರ ಮೂವರನ್ನೂ ದಾಟಿ, ಅಲ್ಪಮತದಲ್ಲಿದ್ದ ಎ.ಎನ್. ರೇ ಅವರನ್ನು ನೇಮಿಸಿತು, ಏಪ್ರಿಲ್ 26ರಂದು ಅವರು ಪ್ರಮಾಣ ವಚನ ಸ್ವೀಕರಿಸಿದರು. ಸಚಿವ ಮೋಹನ್ ಕುಮಾರಮಂಗಲಂ ಸಂಸತ್ತಿನಲ್ಲಿ ಇದನ್ನು ಸಮರ್ಥಿಸಿಕೊಳ್ಳುವಾಗ ಬಳಸಿದ್ದು ಕಾನೂನು ಆಯೋಗದ ಅದೇ ವರದಿಯನ್ನು. ಮೂವರೂ ರಾಜೀನಾಮೆ ಕೊಟ್ಟು ಹೊರನಡೆದರು. ಕಾರ್ಕಳ ಸೀಮೆಯ ಕೌಡೂರು ಸದಾನಂದ ಹೆಗ್ಡೆಯವರು 1977ರಲ್ಲಿ ಬೆಂಗಳೂರು ದಕ್ಷಿಣದಿಂದ ಲೋಕಸಭೆಗೆ ಗೆದ್ದು, ಸ್ಪೀಕರೂ ಆದರು.

ಎರಡನೇ ಸಲ ಹೀಗಾದದ್ದು ತುರ್ತು ಪರಿಸ್ಥಿತಿಯಲ್ಲಿ. ಆ ಅವಧಿಯಲ್ಲಿ ಬಂಧನಕ್ಕೊಳಗಾದವರು ಹೇಬಿಯಸ್ ಕಾರ್ಪಸ್ ಅರ್ಜಿ, ಅಂದರೆ ಬಂಧನವನ್ನು ನ್ಯಾಯಾಲಯದಲ್ಲಿ ಪ್ರಶ್ನಿಸುವ ಅರ್ಜಿ, ಹಾಕುವಂತಿಲ್ಲ ಎಂದು 1976ರ ಏಪ್ರಿಲ್ 28ರಂದು ನಾಲ್ವರು ನ್ಯಾಯಮೂರ್ತಿಗಳು ಹೇಳಿದಾಗ, ಎಚ್.ಆರ್. ಖನ್ನಾ ಒಬ್ಬರೇ ಭಿನ್ನಮತದ ತೀರ್ಪು ಬರೆದರು. ಮುಂದಿನ ಜನವರಿಯಲ್ಲಿ ಅವರನ್ನು ಬಿಟ್ಟು ಕಿರಿಯರಾದ ಎಂ.ಎಚ್. ಬೇಗ್ ಅವರನ್ನು ನೇಮಿಸಲಾಯಿತು. ಖನ್ನಾ ರಾಜೀನಾಮೆಯಿತ್ತರು. 1978ರಲ್ಲಿ ಜನತಾ ಸರ್ಕಾರಕ್ಕೂ ಇದೇ ಪರೀಕ್ಷೆ ಎದುರಾಯಿತು. ಸಾಲಿನಲ್ಲಿದ್ದ ವೈ.ವಿ. ಚಂದ್ರಚೂಡ್ ಅವರು 1976ರ ಆ ನಾಲ್ವರಲ್ಲಿ ಒಬ್ಬರು, ಅವರನ್ನು ನೇಮಿಸಬಾರದೆಂಬ ಒತ್ತಡ ವಕೀಲ ವಲಯದಿಂದಲೇ ಬಂತು. ಸರ್ಕಾರ ಮಣಿಯದೆ ಹಿರಿತನಕ್ಕೇ ಅಂಟಿಕೊಂಡಿತು. ನನ್ನ ದೃಷ್ಟಿಯಲ್ಲಿ 1973ರ ಪ್ರಕರಣದಷ್ಟೇ ಮಹತ್ವದ್ದು ಈ ನಿರ್ಧಾರ, ಏಕೆಂದರೆ ಇಷ್ಟವಿಲ್ಲದವರ ವಿಷಯದಲ್ಲಿಯೂ ಪಾಲಿಸಿದಾಗಲೇ ರೂಢಿಯೊಂದು ನೆಲೆಯೂರುವುದು. ಅಂದಿನಿಂದ ಇಂದಿನವರೆಗೆ ಈ ಸಾಲು ತಪ್ಪಿಲ್ಲ. ಈಗಿನ ಪದ್ಧತಿಯಲ್ಲಿ ನಿವೃತ್ತರಾಗುವ ಮುಖ್ಯ ನ್ಯಾಯಮೂರ್ತಿಗಳ ಶಿಫಾರಸನ್ನು ಕಾನೂನು ಸಚಿವರು ಕೇಳುತ್ತಾರೆ, ಅವರು ಅತ್ಯಂತ ಹಿರಿಯರ ಹೆಸರನ್ನು ಸೂಚಿಸುತ್ತಾರೆ. ಸುಪ್ರೀಂ ಕೋರ್ಟಿಗೆ ಹೊಸ ನ್ಯಾಯಮೂರ್ತಿಗಳನ್ನು ಆರಿಸುವುದು ಬೇರೆ ವಿಷಯ. 1993 ಮತ್ತು 1998ರ ತೀರ್ಪುಗಳ ನಂತರ ಆ ಕೆಲಸವನ್ನು ಮುಖ್ಯ ನ್ಯಾಯಮೂರ್ತಿ ಹಾಗೂ ನಾಲ್ವರು ಹಿರಿಯರ ಕೊಲಿಜಿಯಂ ಮಾಡುತ್ತದೆ. ಅದನ್ನು ಬದಲಿಸಲು ತಂದ 99ನೇ ತಿದ್ದುಪಡಿಯನ್ನು 2015ರಲ್ಲಿ ಸುಪ್ರೀಂ ಕೋರ್ಟು ರದ್ದು ಮಾಡಿತು. ಯಾರನ್ನು ಒಳಕ್ಕೆ ಬಿಡಬೇಕೆಂಬಲ್ಲಿ ಸರ್ಕಾರ ಮತ್ತು ಕೊಲಿಜಿಯಂ ನಡುವೆ ಹಗ್ಗಜಗ್ಗಾಟ ಇಂದಿಗೂ ಇದೆ, ಸರ್ಕಾರ ಕೆಲವು ಹೆಸರುಗಳನ್ನು ಹಿಡಿದಿಟ್ಟುಕೊಳ್ಳುವುದೂ ಇದೆ. ಹಾಗಾಗಿ ನಿಮ್ಮ ಅನುಮಾನ ಪೂರ್ತಿ ನಿರಾಧಾರವೇನಲ್ಲ, ಆದರೆ ಅದು ಮೇಲಿನ ಮೆಟ್ಟಿಲಿಗಿಂತ ಹೊಸಿಲಿಗೆ ಹೆಚ್ಚು ಅನ್ವಯಿಸುತ್ತದೆ.

36 ದಿನದ ಲೆಕ್ಕ ಹೀಗಿದೆ. ಹಿರಿತನವನ್ನು ಎಣಿಸುವುದು ಸುಪ್ರೀಂ ಕೋರ್ಟಿಗೆ ಸೇರಿದ ದಿನದಿಂದ, ಒಂದೇ ದಿನ ಹಲವರು ಸೇರಿದರೆ ಪ್ರಮಾಣ ವಚನ ಸ್ವೀಕರಿಸಿದ ಕ್ರಮದಿಂದ. 2021ರ ಆಗಸ್ಟ್ 31ರಂದು ಒಂಬತ್ತು ಮಂದಿ ಒಟ್ಟಿಗೆ ಸೇರಿದರು. ಅವರಲ್ಲಿ ವಿಕ್ರಮ್ ನಾಥ್ ನಾಗರತ್ನ ಅವರಿಗಿಂತ ಮೊದಲು, ಪಿ.ಎಸ್. ನರಸಿಂಹ ನಂತರ. 2025ರ ನವೆಂಬರ್ 24ರಂದು 53ನೆಯ ಮುಖ್ಯ ನ್ಯಾಯಮೂರ್ತಿಯಾದ ಸೂರ್ಯಕಾಂತ್ ಅವರಿಗೆ 2027ರ ಫೆಬ್ರುವರಿಯಲ್ಲಿ 65 ತುಂಬುತ್ತದೆ, ವಿಕ್ರಮ್ ನಾಥ್ ಅವರಿಗೆ ಆ ವರ್ಷದ ಸೆಪ್ಟೆಂಬರಿನಲ್ಲಿ, ನಾಗರತ್ನ ಅವರಿಗೆ ಅಕ್ಟೋಬರ್ ಕೊನೆಯಲ್ಲಿ. ಎಲ್ಲವೂ ಕ್ರಮದಂತೆ ನಡೆದರೆ ಸೆಪ್ಟೆಂಬರ್ 24ರಿಂದ ಅಕ್ಟೋಬರ್ 29ರವರೆಗೆ ಅವರ ಅವಧಿ, ಮತ್ತು ಈ ಸ್ಥಾನಕ್ಕೆ ಬರುವ ಮೊದಲ ಮಹಿಳೆ ಅವರಾಗುತ್ತಾರೆ. ಇದರಲ್ಲಿ ಯಾರ ಪಿತೂರಿಯೂ ಇಲ್ಲ, ಹುಟ್ಟಿದ ದಿನಾಂಕಗಳ ಆಟವಷ್ಟೇ. ಅವರ ತಂದೆ, ಮಂಡ್ಯ ಜಿಲ್ಲೆಯ ಇ.ಎಸ್. ವೆಂಕಟರಾಮಯ್ಯ, 1989ರಲ್ಲಿ ಆರು ತಿಂಗಳು ಇದೇ ಸ್ಥಾನದಲ್ಲಿದ್ದರು. ಕರ್ನಾಟಕದವರೇ ಆದ ಎಸ್. ರಾಜೇಂದ್ರ ಬಾಬು ಅವರಿಗೆ ಸಿಕ್ಕಿದ್ದು 2004ರ ಮೇ ತಿಂಗಳೊಂದೇ. ಎಂ.ಎನ್. ವೆಂಕಟಾಚಲಯ್ಯನವರಿಗೆ ಒಂದು ವರ್ಷ ಎಂಟು ತಿಂಗಳು, ಎಚ್.ಎಲ್. ದತ್ತು ಅವರಿಗೆ ಒಂದು ವರ್ಷ ಎರಡು ತಿಂಗಳು ದೊರೆತವು. 1991ರಲ್ಲಿ ಕಮಲ್ ನಾರಾಯಣ್ ಸಿಂಗ್ ಮೂರು ವಾರವೂ ಇರಲಿಲ್ಲ, ಇನ್ನೊಂದು ತುದಿಯಲ್ಲಿ ವೈ.ವಿ. ಚಂದ್ರಚೂಡ್ ಏಳು ವರ್ಷಕ್ಕೂ ಹೆಚ್ಚು ಕಾಲ ಇದ್ದರು.

ಇಷ್ಟು ಚಿಕ್ಕ ಅವಧಿಯಲ್ಲಿ ದೊಡ್ಡ ಆಡಳಿತ ಸುಧಾರಣೆ ಸಾಧ್ಯವಿಲ್ಲ ಎಂಬುದನ್ನು ನಾನು ಒಪ್ಪುತ್ತೇನೆ. ಒಬ್ಬರು ಆರಂಭಿಸಿದ್ದನ್ನು ಮುಂದಿನವರು ಕೈಬಿಡುವುದನ್ನು ವಕೀಲರಾಗಿ ನಾವು ಕಾಣುತ್ತಲೇ ಇದ್ದೇವೆ. ಕನಿಷ್ಠ ಎರಡು ವರ್ಷದ ಅವಧಿ ಇರಲಿ ಎಂದು ವಾದಿಸುವವರಿದ್ದಾರೆ. ಆದರೆ ಹಾಗೆ ಮಾಡಬೇಕಾದರೆ ಸಾಲಿನಲ್ಲಿರುವ ಕೆಲವರನ್ನು ಬಿಟ್ಟು ಬೇರೊಬ್ಬರನ್ನು ಯಾರಾದರೂ ಆರಿಸಬೇಕು, ಆ ‘ಯಾರಾದರೂ’ 1973ರಲ್ಲಿ ಏನು ಮಾಡಿದರೆಂದು ನೋಡಿದ್ದೇವೆ. 36 ದಿನದ ಮುಖ್ಯ ನ್ಯಾಯಮೂರ್ತಿ ಮತ್ತು ಸರ್ಕಾರ ಹೆಕ್ಕಿ ತೆಗೆದ ಮುಖ್ಯ ನ್ಯಾಯಮೂರ್ತಿ ಇವೆರಡರಲ್ಲಿ ಒಂದನ್ನು ಆರಿಸಿ ಎಂದರೆ ನಾನು ಮೊದಲನೆಯದನ್ನೇ ಆರಿಸುತ್ತೇನೆ. ಅಂದಹಾಗೆ, ಬೇಡವಾದ ಮುಖ್ಯ ನ್ಯಾಯಮೂರ್ತಿಯನ್ನು ಸರ್ಕಾರ ಸುಲಭವಾಗಿ ತೆಗೆಯುವಂತೆಯೂ ಇಲ್ಲ. ಸಂಸತ್ತಿನ ಎರಡೂ ಸದನಗಳಲ್ಲಿ ವಿಶೇಷ ಬಹುಮತದ ನಿರ್ಣಯ ಬೇಕು. 2018ರಲ್ಲಿ ದೀಪಕ್ ಮಿಶ್ರಾ ಅವರ ವಿರುದ್ಧ ವಿರೋಧ ಪಕ್ಷಗಳು ಕೊಟ್ಟ ವಾಗ್ದಂಡನೆಯ ನೋಟಿಸನ್ನು ರಾಜ್ಯಸಭೆಯ ಸಭಾಪತಿಗಳು ಆರಂಭದಲ್ಲಿಯೇ ತಿರಸ್ಕರಿಸಿದರು.

ಈಗ ನಿಮ್ಮ ಕೇಸಿಗೆ ಬರೋಣ. ಹಂಚಿಕೆಯ ಅಧಿಕಾರದ ವಿಷಯದಲ್ಲಿ ನಿಮಗೆ ಸಂಬಂಧಿಸಿದ ಮುಖ್ಯ ನ್ಯಾಯಮೂರ್ತಿ ಇರುವುದು ದೆಹಲಿಯಲ್ಲಲ್ಲ, ಬೆಂಗಳೂರಿನಲ್ಲಿ. ಹೈಕೋರ್ಟಿನಲ್ಲಿ ಪೀಠ ರಚಿಸುವ, ಕೇಸು ಹಂಚುವ ಅಧಿಕಾರ ಆ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಗಳದ್ದೆಂದು 1998ರಲ್ಲಿಯೇ ಸುಪ್ರೀಂ ಕೋರ್ಟು ಹೇಳಿದೆ. ಆದರೆ ಅವರಿಗೆ ಮನವಿ ಕೊಡುವುದಕ್ಕೂ ಮೊದಲು ನಿಮ್ಮ ವಕೀಲರ ಕಚೇರಿಯಲ್ಲಿ ಕುಳಿತು ಹೈಕೋರ್ಟಿನ ಜಾಲತಾಣದಲ್ಲಿ ಕೇಸಿನ ಸ್ಥಿತಿಯನ್ನೂ ದೈನಂದಿನ ಆದೇಶಗಳನ್ನೂ ಮೊದಲಿನಿಂದ ಓದಿಸಿ. ಮೇಲ್ಮನವಿ ಅಡ್ಮಿಟ್ ಆಗಿದೆಯೇ? ಸಿವಿಲ್ ಪ್ರಕ್ರಿಯಾ ಸಂಹಿತೆಯ 100ನೇ ಕಲಮಿನಡಿ, ಕಾನೂನಿನ ಗಣನೀಯ ಪ್ರಶ್ನೆಯೊಂದು ಇದ್ದರೆ ಮಾತ್ರ ಹೈಕೋರ್ಟು ಎರಡನೇ ಮೇಲ್ಮನವಿಯನ್ನು ಒಳಗೆ ತೆಗೆದುಕೊಳ್ಳಬೇಕು. ಒಂಬತ್ತು ವರ್ಷವಾದರೂ ಅಡ್ಮಿಷನ್ ಹಂತದಲ್ಲಿಯೇ ಇದ್ದರೆ ಅದು ನಿಮಗೆ ಒಳ್ಳೆಯ ಸುದ್ದಿ, ಏಕೆಂದರೆ ಎರಡು ನ್ಯಾಯಾಲಯಗಳು ಒಂದೇ ತೀರ್ಮಾನಕ್ಕೆ ಬಂದಿರುವಾಗ ಅದು ಆ ಹಂತದಲ್ಲಿಯೇ ವಜಾ ಆಗುವ ಸಾಧ್ಯತೆ ಸಣ್ಣದಲ್ಲ. ಹಿರಿಯ ನಾಗರಿಕರೆಂಬ ಆಧಾರದ ಮೇಲೆ, ವಯಸ್ಸಿನ ದಾಖಲೆ ಲಗತ್ತಿಸಿ, ಬೇಗ ವಿಚಾರಣೆ ಕೋರಿ ಅರ್ಜಿ ಹಾಕಿಸಿ. ಅದು ತಿರಸ್ಕೃತವಾದರೂ ನಿಮಗೆ ನಷ್ಟವಿಲ್ಲ, ಕೆಲವು ತಿಂಗಳ ನಂತರ ಮತ್ತೆ ಕೇಳಬಹುದು.

ಎರಡನೆಯದಾಗಿ, ತಡೆಯಾಜ್ಞೆ ಇದೆಯೇ ಇಲ್ಲವೇ ಎಂದು ನೀವು ಬರೆದಿಲ್ಲ. ಮೇಲ್ಮನವಿ ಹಾಕಿದ ಮಾತ್ರಕ್ಕೆ ಡಿಕ್ರಿಗೆ ತಡೆ ಬೀಳುವುದಿಲ್ಲ. ಪಾಲಿನ ದಾವೆಯಲ್ಲಿ ಮೊದಲು ಯಾರಿಗೆ ಎಷ್ಟು ಪಾಲೆಂದು ಹೇಳುವ ಪ್ರಾಥಮಿಕ ಡಿಕ್ರಿ, ನಂತರ ಜಮೀನನ್ನು ವಾಸ್ತವವಾಗಿ ವಿಂಗಡಿಸುವ ಅಂತಿಮ ಡಿಕ್ರಿ. ತಡೆಯಾಜ್ಞೆ ಇಲ್ಲದಿದ್ದರೆ ಕೆಳ ನ್ಯಾಯಾಲಯದಲ್ಲಿ ಅಂತಿಮ ಡಿಕ್ರಿಯ ಕಲಾಪವನ್ನು ಇಂದೇ ಮುಂದುವರಿಸಬಹುದು, ಪಕ್ಷಗಾರರು ಬೇರೆ ಅರ್ಜಿ ಹಾಕಲಿ ಎಂದು ಕಾಯದೆ ನ್ಯಾಯಾಲಯವೇ ಅದನ್ನು ಮುಂದಕ್ಕೆ ಒಯ್ಯಬೇಕೆಂದು 2022ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಇದರಲ್ಲಿ ಅಪಾಯವೂ ಇದೆ. ನಾಳೆ ಹೈಕೋರ್ಟಿನಲ್ಲಿ ಫಲಿತಾಂಶ ತಿರುಗಿದರೆ ಪಡೆದದ್ದನ್ನು ಹಿಂದಿರುಗಿಸಬೇಕಾಗುತ್ತದೆ, ಆದ್ದರಿಂದ ಹಾಗೆ ಸಿಕ್ಕ ಜಮೀನನ್ನು ಮಾರುವುದಾಗಲಿ ಅದರ ಮೇಲೆ ದೊಡ್ಡ ಸಾಲ ಮಾಡುವುದಾಗಲಿ ಬೇಡ. ತಡೆಯಾಜ್ಞೆ ಇದ್ದರೆ ಆರು ತಿಂಗಳಿಗೆ ಅದು ತಾನಾಗಿಯೇ ಬಿದ್ದುಹೋಗುತ್ತದೆಂದು ಹೇಳುವವರನ್ನು ನಂಬಬೇಡಿ. 2018ರ ಆ ನಿಯಮವನ್ನು ಐವರ ಪೀಠ 2024ರ ಫೆಬ್ರುವರಿ 29ರಂದು ತೆಗೆದುಹಾಕಿದೆ. ಬೇರೆ ನ್ಯಾಯಾಲಯಗಳಲ್ಲಿರುವ ಕೇಸುಗಳಿಗೆ ತಾನು ಸಾಮಾನ್ಯವಾಗಿ ಗಡುವು ವಿಧಿಸಬಾರದು, ತೀರಾ ಅಸಾಧಾರಣ ಸಂದರ್ಭ ಮಾತ್ರ ಅದಕ್ಕೆ ಅಪವಾದ ಎಂದೂ ಅದೇ ತೀರ್ಪು ಹೇಳಿರುವುದರಿಂದ, ‘ಬೇಗ ಮುಗಿಸಲು ಹೈಕೋರ್ಟಿಗೆ ಸೂಚಿಸಿ’ ಎಂದು ದೆಹಲಿಯಲ್ಲಿ ವಕೀಲರನ್ನಿಟ್ಟು ವಿಶೇಷ ಮೇಲ್ಮನವಿ ಅರ್ಜಿ ಹಾಕುವ ದಾರಿಯನ್ನು ನಾನು ಸಲಹೆ ಮಾಡುವುದಿಲ್ಲ. ಖರ್ಚು ಖಚಿತ, ಫಲ ಅನಿಶ್ಚಿತ.

ಮೂರನೆಯದು ನೀವು ಒಂದೇ ಸಾಲಿನಲ್ಲಿ ಹೇಳಿ ಮುಂದೆ ಹೋಗಿರುವ ವಿಷಯ, ಕಾನೂನಿನ ಕಣ್ಣಿಗೆ ಅದೇ ಮುಖ್ಯ. ಮೇಲ್ಮನವಿ ಹಾಕಿದವರಲ್ಲಿ ಒಬ್ಬರು ತೀರಿಕೊಂಡರೆ 90 ದಿನಗಳೊಳಗೆ ಅವರ ವಾರಸುದಾರರನ್ನು ಕೇಸಿಗೆ ಸೇರಿಸಬೇಕು, ಇಲ್ಲವಾದರೆ ಅವರ ಮಟ್ಟಿಗೆ ಮೇಲ್ಮನವಿ ಕೊನೆಗೊಳ್ಳುತ್ತದೆ. ಡಿಕ್ರಿಯನ್ನು ಒಬ್ಬೊಬ್ಬರ ಮಟ್ಟಿಗೆ ಬೇರ್ಪಡಿಸಲಾಗದಂತಿದ್ದರೆ ಇಡೀ ಮೇಲ್ಮನವಿಯೇ ನಿಲ್ಲದಿರಬಹುದು. ಎರಡು ವರ್ಷದಲ್ಲಿ ಅವರು ಇದನ್ನು ಮಾಡಿದ್ದಾರೆಯೇ ಎಂದು ಆದೇಶಗಳಲ್ಲಿ ನೋಡಿಸಿ, ಮಾಡಿಲ್ಲದಿದ್ದರೆ ಮರಣ ಪ್ರಮಾಣಪತ್ರದ ನಕಲಿನೊಂದಿಗೆ ಮೆಮೊ, ಅಂದರೆ ನ್ಯಾಯಾಲಯದ ಗಮನಕ್ಕೆ ತರುವ ಟಿಪ್ಪಣಿ, ಹಾಕಿಸಿ. ಇದರಿಂದಲೇ ಗೆದ್ದೆವೆಂದು ಭಾವಿಸಬೇಡಿ. ವಿಳಂಬವನ್ನು ಮನ್ನಿಸುವಲ್ಲಿ ಹೈಕೋರ್ಟುಗಳು ಉದಾರವಾಗಿವೆ. ಆದರೆ ಮೂಲೆಯಲ್ಲಿದ್ದ ಕಡತ ನ್ಯಾಯಮೂರ್ತಿಗಳ ಮುಂದೆ ಬರುವುದಂತೂ ಖಂಡಿತ.

ಇಷ್ಟಾದ ಮೇಲೂ ಕೇಸು ಪಟ್ಟಿಗೆ ಬಾರದಿದ್ದರೆ ಕರ್ನಾಟಕ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಗಳನ್ನುದ್ದೇಶಿಸಿ ರಿಜಿಸ್ಟ್ರಾರ್ ಜನರಲ್ ಅವರಿಗೆ ಒಂದು ಪುಟದ ಮನವಿ ಕೊಡಬಹುದು. ಅದರಲ್ಲಿ ಕೇಸಿನ ಸಂಖ್ಯೆ, ಸಲ್ಲಿಸಿದ ವರ್ಷ, ನಿಮ್ಮ ವಯಸ್ಸು, ಹಿಂದೆ ಪಟ್ಟಿಯಲ್ಲಿ ಬಂದ ದಿನಾಂಕಗಳು ಇದ್ದರೆ ಸಾಕು. ಯಾರ ಕಡೆ ನ್ಯಾಯವಿದೆ ಎಂಬ ವಾದವನ್ನು ಬರೆಯಬೇಡಿ, ಯಾವ ನ್ಯಾಯಮೂರ್ತಿಯ ಮೇಲೂ ಆಧಾರವಿಲ್ಲದ ಆಪಾದನೆ ಬೇಡವೇ ಬೇಡ, ಅದು ನ್ಯಾಯಾಂಗ ನಿಂದನೆಯ ಮೊಕದ್ದಮೆಗೆ ದಾರಿಯಾಗಬಹುದು.

ಇವೆಲ್ಲವುಗಳ ಜೊತೆಗೆ, ಎದುರಾಳಿಗಳು ನಿಮ್ಮ ಅಣ್ಣನ ಮಕ್ಕಳೇ ಆಗಿರುವುದರಿಂದ, ಮಧ್ಯಸ್ಥಿಕೆಗೆ ಒಪ್ಪಿಸುವಂತೆಯೂ ಕೇಳಬಹುದು. ಬೆಂಗಳೂರಿನ ಮಧ್ಯಸ್ಥಿಕೆ ಕೇಂದ್ರಕ್ಕೆ ಹೈಕೋರ್ಟು ಇಂಥ ಕೇಸುಗಳನ್ನು ಕಳುಹಿಸುತ್ತದೆ. ಎರಡು ತೀರ್ಪು ಕೈಯಲ್ಲಿರುವಾಗ ನೀವು ಬಿಟ್ಟುಕೊಡಬೇಕಾದದ್ದು ಕಡಿಮೆ, ರಸ್ತೆ ಬದಿಯ ತುಂಡು ಯಾರಿಗೆ, ಬೋರ್‌ವೆಲ್ ಯಾರಿಗೆ ಎಂಬಲ್ಲಿ ಸ್ವಲ್ಪ ಸಡಿಲಿಸಬೇಕಾಗಬಹುದು. ಅಲ್ಲಿ ಸಹಿ ಹಾಕುವ ಮುನ್ನ ಸರ್ವೆ ನಂಬರು ಮತ್ತು ಚೆಕ್ಕುಬಂದಿಗಳನ್ನು ಪಹಣಿಯೊಂದಿಗೆ ಹೋಲಿಸಿ ನೋಡಿ, ಸಾಧ್ಯವಾದರೆ ಭೂಮಾಪಕರಿಂದ ನಕ್ಷೆ ಮಾಡಿಸಿ ರಾಜಿಪತ್ರಕ್ಕೆ ಸೇರಿಸಿ. ಏಕೆಂದರೆ ರಾಜಿಯ ಮೇಲೆ ಆದ ಡಿಕ್ರಿಯನ್ನು ನಂತರ ಮೇಲ್ಮನವಿಯಲ್ಲಿ ಪ್ರಶ್ನಿಸುವ ದಾರಿ ಬಹುಮಟ್ಟಿಗೆ ಮುಚ್ಚಿರುತ್ತದೆ.